ಒದ್ದೆ ಬಟ್ಟೆ, ಮರಳು, ನಾಯಿ

"ಏಯ್ ಜುರೇಮಕ್ಕ, ಆ ಕಡೆ ಯಾಕ್ ಹೊಂಟೆ? ಅದು ಮನೆಯೋರ ಲಿಫ್ಟು!"

ಬಾಗಿಲು ಕಾಯುವ ಜೆನಿವಾಲ್ ಎದ್ದು ಅಡ್ಡ ನಿಂತ. ಬಣ್ಣದಲ್ಲಿ ಅವನೂ ನನ್ನಷ್ಟೇ ಕಪ್ಪು. ಗತ್ತು ಮಾತ್ರ ಅರಮನೆ ಕಾಯುವವನದು. ರೆಸೀಫಿ ನಗರದ ಕಡಲ ದಂಡೆಯ ಈ ಕಟ್ಟಡದಲ್ಲಿ ನಾನು ಹತ್ತೊಂಬತ್ತು ವರ್ಷ ಹಿಂದಿನ ಲಿಫ್ಟಿನಲ್ಲೇ ಓಡಾಡಿದವಳು. ಕೆಲಸದವರು, ನಾಯಿಗಳು, ಕಸದ ಡಬ್ಬ ಎಲ್ಲಕ್ಕೂ ಅದೇ. ಅದು ಕೆಟ್ಟು ಆರು ದಿನವಾಗಿತ್ತು. ಹನ್ನೊಂದನೇ ಮಹಡಿ, ಕೈಯಲ್ಲಿ ಐದು ಕಿಲೋ ಮರಗೆಣಸು, ಊದಿದ ಮಂಡಿ. ಇವತ್ತೂ ಮೆಟ್ಟಿಲು ಹತ್ತಿದರೆ ನಾಳೆ ಏಳಲಾರೆನೆಂದು ನನಗೆ ಗೊತ್ತಿತ್ತು.

ಅಷ್ಟರಲ್ಲಿ ನನ್ನ ಯಜಮಾನಿ ದೋನಾ ಎಲ್ವೀರಾ ಸಮುದ್ರದಿಂದ ಬಂದರು. ಪಾಪ, ನನ್ನ ಬಣ್ಣ ಬರಲೆಂದು ದಿನಾ ಬಿಸಿಲಲ್ಲಿ ಮಲಗುತ್ತಾರೆ. ಈಜುಡುಗೆಯಿಂದ ನೀರು ತೊಟ್ಟಿಕ್ಕುತ್ತಿತ್ತು, ಕಾಲ ತುಂಬ ಮರಳು, ಕಂಕುಳಲ್ಲಿ ನಾಯಿ.

"ನೀನು ನಮ್ಮನೆ ಮಗಳಿದ್ದ ಹಾಗೇ ಕಣೇ ಜುರೇಮಾ. ಆದ್ರೆ ಬೇರೆಯೋರು ಏನಂತಾರೆ? ಮೆಲ್ಲಗೆ ಮೆಟ್ಲು ಹತ್ತು."

ಮನೆ ಮಗಳಂತೆ! ಮೈಯೆಲ್ಲ ಉರಿಯಿತು. ನಗುತ್ತಲೇ ಗೋಡೆಯ ಹಿತ್ತಾಳೆ ಫಲಕದ ಮುಂದೆ ನಿಂತೆ. ಅಂಥದ್ದೇ ಒಂದು ನಮ್ಮ ಮಹಡಿಯಲ್ಲೂ ಇದೆ; ಪ್ರತಿ ಶನಿವಾರ ಉಜ್ಜಿ ಹೊಳೆಸುವವಳು ನಾನೇ. ಓದಲು ಕಲಿತದ್ದು ಮಾತ್ರ ಹೋದ ವರ್ಷ, ಚರ್ಚಿನವರ ಹೆಂಗಸರ ಶಾಲೆಯಲ್ಲಿ.

"'ಬಣ್ಣ, ಕುಲ, ಕೆಲಸ ನೋಡಿ ಯಾರನ್ನೂ ಲಿಫ್ಟಿಗೆ ತಡೆಯಕೂಡದು.' ಇದು ಸರ್ಕಾರದ್ದು ಕಣೋ ಜೆನಿವಾಲ್. ಕೆಳಗಿನ್ ಚೀಟಿ ಕಟ್ಟಡದೋರ್ದೇ: 'ಒದ್ದೆ ಬಟ್ಟೆ, ಮರಳು, ನಾಯಿ ಇದ್ದವರು ಹಿಂದಿನ ಲಿಫ್ಟಿಗೆ.' ನನ್ ಲಂಗ ಮುಟ್ಟಿ ನೋಡು, ಒದ್ದೆ ಐತಾ?"

ಜೆನಿವಾಲ್ ಅಮ್ಮಾವ್ರ ಕಾಲಡಿಯ ನೀರು ನೋಡಿದ. ನಗು ನುಂಗಿಕೊಂಡು ಪಕ್ಕಕ್ಕೆ ಸರಿದ. ನಾನು ಒಳಗೆ ಹೋಗಿ ಗುಂಡಿ ಒತ್ತಿದೆ.

"ಥೂ, ಭಂಡಿ! ಕೆಲ್ಸ ಬೇಡ್ವಾ ನಿಂಗೆ?"

"ಬೇಕು ಅಮ್ಮಾವ್ರೇ. ಕಾಲೂ ಬೇಕು."

ಮನೆಗೆ ಬಂದು ಮುಂಬಾಗಿಲಿಗೆ ಚಿಲಕ ಹಾಕಿದೆ. ಲಿಫ್ಟು ಮತ್ತೆ ಕೆಳಗಿಳಿದ ಮೇಲೆ ಅಮ್ಮಾವ್ರೂ ಅದರಲ್ಲೇ ಬಂದರು, ಮರಳು ನಾಯಿ ಸಮೇತ. ಕರೆಗಂಟೆ ಒತ್ತಿಯೇ ಒತ್ತಿದರು.

"ಮರಳೈತೆ ಅಮ್ಮಾವ್ರೇ, ಹಿಂದಿನ್ ಬಾಗಿಲಿಗೆ ಬನ್ನಿ. ಮರಳಿದ್ದೋರು ಹಿಂದಿನ್ ಕಡೆಗೆ ಅಂತ ನೀವೇ ಮಾಡಿದ್ ಕಾನೂನು."

ಬೈಗುಳ ಒಂದೆರಡಲ್ಲ. ಆಮೇಲೆ ಒದ್ದೆ ಚಪ್ಪಲಿಯ ಸದ್ದು ಹಿಂದಕ್ಕೆ ಸುತ್ತಿ ಬಂತು. ಹಿಂದಿನ ಬಾಗಿಲಿನ ಪಕ್ಕದಲ್ಲೇ ನನ್ನ ಕೋಣೆ. ಕಿಟಕಿಯಿಲ್ಲ, ಕಾಲು ಚಾಚಿದರೆ ಗೋಡೆ. ಹತ್ತೊಂಬತ್ತು ವರ್ಷದಲ್ಲಿ ಅಮ್ಮಾವ್ರು ಒಮ್ಮೆಯೂ ಆ ಕಡೆ ಬಂದವರಲ್ಲ.

ಹಿಂದಿನ ಬಾಗಿಲ ಚಿಲಕ ತೆಗೆಯುವ ಮುಂಚೆ ನನ್ನ ಕೋಣೆಯ ದೀಪ ಹಾಕಿ, ಅದರ ಬಾಗಿಲನ್ನು ಪೂರ್ತಿ ತೆರೆದಿಟ್ಟೆ.