ಸಂಕರ್ಷಣಾಚಾರ್ಯರು ಹತ್ತದ ಬೆಟ್ಟ

ಕಾಶಿಯಲ್ಲಿ ಸುಳ್ಳು ಹೇಳುವವರನ್ನು ಎಣಿಸಲು ಹೊರಟರೆ ಗಂಗೆಯ ಮರಳು ಸಾಲದು. ದೋಣಿಯವನು ಹೇಳುತ್ತಾನೆ, ರೇಷ್ಮೆ ಸೀರೆಯವನು ಹೇಳುತ್ತಾನೆ, ಲಸ್ಸಿಯವನು ತನ್ನ ಮಡಕೆಯ ಮೇಲೆ ಆಣೆಯಿಟ್ಟು ಹೇಳುತ್ತಾನೆ. ಆದರೆ ದಶಾಶ್ವಮೇಧ ಘಾಟಿನ ಹಿಂದಿನ ಗಲ್ಲಿಯಲ್ಲಿ ಕರ್ನಾಟಕದ ಯಾತ್ರಿಕರಿಗೆ ಶ್ರಾದ್ಧ ಮಾಡಿಸುವ ಸಂಕರ್ಷಣಾಚಾರ್ಯರ ಮುಂದೆ ಇವರೆಲ್ಲ ಹಾಲುಹಲ್ಲಿನ ಕೂಸುಗಳು. ಆಚಾರ್ಯರ ಲೆಕ್ಕದಲ್ಲಿ ಗಂಗೆಯ ಆಳ ಮೂರು ಮೈಲಿ. ಅವರ ತಾತ ಈಜಿ ದಾಟುವಾಗ ಎದುರು ಬಂದ ಮೊಸಳೆ ಪಕ್ಕಕ್ಕೆ ಸರಿದು ದಾರಿ ಬಿಟ್ಟಿತ್ತು. ದಾವಣಗೆರೆಯ ಬಸ್ಸಿನಲ್ಲಿ ಬಂದ ನಲವತ್ತು ಜನರಿಗೆ ಒಂದೇ ಬೆಳಿಗ್ಗೆ ಪಿಂಡ ಹಾಕಿಸಿದ್ದು ನಿಜ; ಅವರು ಹೇಳುವಾಗ ನಲವತ್ತು ಹೋಗಿ ನಾಲ್ಕು ಸಾವಿರ, ಬಸ್ಸು ಹೋಗಿ ರೈಲು. ಹೆಂಡತಿ ಶ್ರೀರಮಾ ಅಡಿಗೆಮನೆಯಿಂದಲೇ, ಸ್ವಲ್ಪ ಅಳತೆ ಹಾಕಿ ಹೇಳಿ, ಕೇಳುವವರಿಗೂ ಜೀರ್ಣವಾಗಬೇಕಲ್ಲ ಎಂದು ಚುಚ್ಚುವುದಿತ್ತು.

ಇವುಗಳಿಂದ ಯಾರಿಗೂ ಒಂದು ಗೀರೂ ಬಿದ್ದಿರಲಿಲ್ಲ. ಸತ್ತವರು ಸತ್ತೇ ಇದ್ದರು. ಅಳುತ್ತ ಬಂದವರು ಒಂದಿಷ್ಟು ನಕ್ಕು ಹೋಗುತ್ತಿದ್ದರು. ಒಂದು ಸುಳ್ಳು ಮಾತ್ರ ಬೇರೆ ತಳಿಯದು. ಅದು ಬದುಕಿದ್ದವನೊಬ್ಬನನ್ನು ಕೊಂದಿತ್ತು.

ಆ ಬದುಕಿದ್ದವನು ಆಚಾರ್ಯರ ಸ್ವಂತ ಅಣ್ಣ ವಾಸುದೇವ. ಎಡಗಾಲು ಸ್ವಲ್ಪ ಕುಂಟು. ಸಾರನಾಥದಲ್ಲಿ ಪಾಲಿ ಕಲಿಯುತ್ತೇನೆಂದು ಹೋಗುತ್ತಿದ್ದವನು, ಹದಿನೇಳು ವರ್ಷದ ಹಿಂದೆ ಒಂದು ದಿನ ಶ್ರಾದ್ಧದ ಮಡಿಪಂಚೆಯನ್ನು ಮಡಿಸಿ ಗೂಟಕ್ಕೆ ಹಾಕಿ, ಲಡಾಖಿನ ಕಡೆಯ ಬೌದ್ಧ ಮಠವೊಂದಕ್ಕೆ ಹೊರಟುಹೋದ. ಎಂಥ ಮಠ ಅಂದರೆ, ಆಕಾಶವನ್ನು ಕೊಡಲಿಯಿಂದ ಸೀಳಿ ನಿಲ್ಲಿಸಿದಂಥ ಬಂಡೆ, ಅದರ ನಡುಹೊಟ್ಟೆಯಲ್ಲಿ ಒಂದು ಗವಿ, ಗವಿಯ ಬಾಯಿಗೆ ಜೇನುಗೂಡಿನಂತೆ ಅಂಟಿಕೊಂಡ ಬಿಳಿ ಮಣ್ಣಿನ ಕೋಣೆಗಳು. ಕೆಳಗೆ ನದಿ. ಹದ್ದು ಕೂಡ ಅಲ್ಲಿಗೆ ಹಾರುವ ಮೊದಲು ಎರಡು ಸಲ ಯೋಚಿಸುತ್ತದೆ. ಅಲ್ಲಿಂದ ಒಂದು ಕಾಗದ ಬಂತು. ಆಮೇಲೆ ನಗರಸಭೆಯವರು ಗಲ್ಲಿ ಒಡೆದರು, ಮನೆ ಬದಲಾಯಿತು. ಹಳೆಯ ವಿಳಾಸಕ್ಕೆ ಇನ್ನೆಷ್ಟು ಕಾಗದ ಬಂದವೋ ಯಾರಿಗೂ ತಿಳಿಯದು.

ಹನ್ನೆರಡು ವರ್ಷ ಸುದ್ದಿಯಿಲ್ಲದವನನ್ನು ಶಾಸ್ತ್ರ ಸತ್ತವನೆಂದೇ ಎಣಿಸುತ್ತದೆ. ಮುತ್ತುಗದ ಮುನ್ನೂರ ಅರವತ್ತು ತೊಟ್ಟುಗಳಿಂದ ಆಳಿನ ಆಕಾರ ಮಾಡಿ, ತಲೆಯ ಜಾಗದಲ್ಲಿ ತೆಂಗಿನಕಾಯಿ ಇಟ್ಟು, ಆ ಬೊಂಬೆಯನ್ನು ಸುಡಬೇಕು. ಪಲಾಶವಿಧಿ ಎನ್ನುತ್ತಾರೆ. ಆಚಾರ್ಯರು ಊರವರಿಗೆಲ್ಲ ಅದನ್ನು ಮಾಡಿಸಿದವರೇ. ಆದರೆ ತಾಯಿ ಕೃಷ್ಣಮ್ಮ ಒಪ್ಪಲಿಲ್ಲ. ಹನ್ನೆರಡು ವರ್ಷವೂ ಬಾಗಿಲ ಸದ್ದಿಗೆ ನಿದ್ದೆಗೆಟ್ಟವಳು. ಯಾರಾದರೂ ಹೋಗಿ ಕಣ್ಣಾರೆ ನೋಡಿ ಬರಲಿ, ಆಮೇಲೆ ಮುತ್ತುಗ ತನ್ನಿ ಎಂದಳು.

ಹೋದವರು ಸಂಕರ್ಷಣಾಚಾರ್ಯರು. ಗೋದೌಲಿಯಾ ಚೌಕದಲ್ಲಿ ಸೈಕಲ್ ರಿಕ್ಷಾ ಹತ್ತುವಾಗ ಅವರು ಕೊಟ್ಟ ಭಾಷಣ ಕೇಳಿದವರು, ಹಿಮಾಲಯ ತಾನಾಗಿಯೇ ಬಗ್ಗಿ ಇವರನ್ನು ಹೆಗಲ ಮೇಲೆ ಕೂರಿಸಿಕೊಳ್ಳುತ್ತದೆ ಎಂದುಕೊಂಡರು. ಒಂಬತ್ತು ದಿನ ಪ್ರಯಾಣ. ಕೊನೆಗೆ ನದಿಯ ಈಚೆ ದಡ. ಆಚೆ, ಅಣ್ಣನ ಮಠ. ನಡುವೆ ತಂತಿಗೆ ಕಟ್ಟಿದ ಹಲಗೆ ಸೇತುವೆ, ಅದರಾಚೆ ಬಂಡೆಯ ಮೈಗೆ ಒಂದು ಗೇಣಿನ ದಾರಿ. ಆಚಾರ್ಯರು ಮೊದಲ ಹಲಗೆಯ ಮೇಲೆ ಕಾಲಿಟ್ಟರು. ಹಲಗೆ ತೂಗಿತು. ಹಲಗೆಗಳ ಸಂದಿಯಲ್ಲಿ ಕೆಳಗಿನ ನೀರು ಕಂಡಿತು. ಕಾಲು ತೆಗೆದರು. ದಡದ ಚಹಾದ ಡೇರೆಯಲ್ಲಿ ಒಂದೂವರೆ ದಿನ ಕುಳಿತರು. ಮೇಲೆ ಕೆಂಪು ಬಟ್ಟೆಯವರು ಇರುವೆಗಳಂತೆ ಓಡಾಡುತ್ತಿದ್ದರು. ಅದರಲ್ಲಿ ಒಂದು ಇರುವೆ ಕುಂಟುತ್ತದೆಯೋ ಎಂದು ಕಣ್ಣು ಕಿರಿದು ಮಾಡಿ ನೋಡಿದರು. ತಿಳಿಯಲಿಲ್ಲ. ಹಿಂತಿರುಗಿದರು.

ದಾರಿಯುದ್ದಕ್ಕೂ ನಿಜ ಹೇಳಬೇಕೆಂದೇ ಇದ್ದರು. ಆದರೆ ಘಾಟಿನಲ್ಲಿ ಹೂವಿನ ಹಾರ ಕಾದಿತ್ತು. ಹತ್ತಿದಿರಾ ಆಚಾರ್ಯರೇ ಎಂದು ಯಾರೋ ಕೇಳಿದರು. ಹತ್ತಿದೆ ಎಂದು ಬಾಯಿ ಹೇಳಿಬಿಟ್ಟಿತು. ಹತ್ತಿದ ಮೇಲೆ ಮಠದವರನ್ನು ಕೇಳಿರಲೇಬೇಕು. ಕೇಳಿದ ಮೇಲೆ ಅವರು ಏನಾದರೂ ಹೇಳಿರಲೇಬೇಕು. ಇದ್ದಾನೆ ಎನ್ನೋಣವೆಂದರೆ, ಅವನ ಬಾಯಿಂದ ಬಂದ ಒಂದು ಮಾತೂ ಇವರ ಬಳಿ ಇಲ್ಲ; ತಾಯಿ ಮೊದಲು ಕೇಳುವುದೇ ಅದನ್ನು. ಹೀಗೆ ಒಂದರ ಬಾಲ ಹಿಡಿದು ಇನ್ನೊಂದು ಬಂದು, ಮನೆಯ ಹೊಸ್ತಿಲು ದಾಟುವಷ್ಟರಲ್ಲಿ ವಾಸುದೇವ ಮೂರು ವರ್ಷದ ಹಿಂದೆಯೇ ಹಿಮದಡಿ ಸಿಕ್ಕಿ ಸತ್ತಿದ್ದ. ಸಾಕ್ಷಿಗೆಂದು ಆಚಾರ್ಯರು ಲೇಹ್ ಪೇಟೆಯಲ್ಲಿ ಸುಮ್ಮನೆ ಕೊಂಡಿದ್ದ ಜಪಮಾಲೆಯೊಂದನ್ನು, ಅಣ್ಣನದು, ದೊಡ್ಡ ಲಾಮಾ ಕೈಯಾರೆ ಕೊಟ್ಟರು ಎಂದು ತಾಯಿಯ ಮಡಿಲಿಗೆ ಹಾಕಿದರು.

ಪಲಾಶವಿಧಿ ಆಯಿತು. ತೆಂಗಿನಕಾಯಿ ಬೆಂಕಿಯಲ್ಲಿ ಸಿಡಿದಾಗ ಕೃಷ್ಣಮ್ಮ ಅತ್ತ ಅಳುವಿಗೆ ಗಂಗೆ ಎರಡು ಮೆಟ್ಟಿಲು ಏರಿತು ಎಂದರೆ ಯಾರೂ ತಕರಾರು ಮಾಡುವುದಿಲ್ಲ. ಹತ್ತು ದಿನ ಅತ್ತಳು. ಹನ್ನೊಂದನೆಯ ರಾತ್ರಿ, ಹನ್ನೆರಡು ವರ್ಷದಲ್ಲಿ ಮೊದಲ ಸಲ, ಗೊರಕೆ ಹೊಡೆದು ಮಲಗಿದಳು. ಆ ಗೊರಕೆ ಕೇಳಿ ಆಚಾರ್ಯರು ತಮ್ಮ ಸುಳ್ಳನ್ನು ಪುಣ್ಯದ ಖಾತೆಗೆ ಸೇರಿಸಿಕೊಂಡರು. ಅಲ್ಲಿಂದ ಅದಕ್ಕೆ ಗೊಬ್ಬರ ಹಾಕಿದ್ದೇ ಹಾಕಿದ್ದು. ಪಿಂಡಕ್ಕೆ ಬಂದ ಕಾಗೆ ಎಡಗಾಲು ಕುಂಟುತ್ತಿತ್ತು ಎಂದರು. ಅಣ್ಣ ಕನಸಿನಲ್ಲಿ ಬಂದು ಹೋಳಿಗೆ ಕೇಳಿದ ಎಂದರು. ಎರಡು ವರ್ಷದ ಹಿಂದೆ ಹುಮ್ಮಸ್ಸು ಹೆಚ್ಚಾಗಿ, ಸಾರನಾಥದಲ್ಲಿ ಥೇಟ್ ಅಣ್ಣನ ಹಾಗೇ ಇರುವ ಭಿಕ್ಷುವನ್ನು ಕಂಡೆ, ಅವನೇ ಮತ್ತೆ ಹುಟ್ಟಿ ಬಂದಂತಿದೆ ಎಂದು ತಾಯಿಯನ್ನು ಆಟೋದಲ್ಲಿ ಕರೆದುಕೊಂಡೂ ಹೋದರು. ಭಿಕ್ಷು ಸಿಂಹಳದವನು, ಮೂಗು ಬೇರೆ, ಬಣ್ಣ ಬೇರೆ. ಕೃಷ್ಣಮ್ಮ ಮನೆಗೆ ಬಂದು ಹನ್ನೊಂದು ದಿನ ಹಾಸಿಗೆ ಹಿಡಿದಳು.

ಈ ವರ್ಷ ಪುಷ್ಯ ಮಾಸದ ಚಳಿ ಹೇಗಿತ್ತೆಂದರೆ ಘಾಟಿನ ಆಡುಗಳೂ ಸ್ವೆಟರ್ ಹಾಕಿಕೊಂಡಿದ್ದವು. (ಇದು ಉತ್ಪ್ರೇಕ್ಷೆಯಲ್ಲ, ಕಾಶಿಯಲ್ಲಿ ಆಡಿಗೆ ಸ್ವೆಟರ್ ಹಾಕುತ್ತಾರೆ.) ಅಮಾವಾಸ್ಯೆಗೆ ವಾಸುದೇವನ ಐದನೆಯ ಶ್ರಾದ್ಧ. ಅದಕ್ಕೆ ಐದು ದಿನ ಮೊದಲು, ಸೋಮವಾರ, ವರುಣ ಎಂಬವನು ಘಾಟಿಗೆ ಬಂದ. ಮೈಸೂರಿನ ಹುಡುಗ, ವಿಶ್ವವಿದ್ಯಾಲಯದಲ್ಲಿ ಸಂಶೋಧನೆ, ಭಾನುವಾರಗಳಂದು ಶ್ರೀರಮಾಳ ಹುಳಿಯನ್ನಕ್ಕೆ ತಪ್ಪದೆ ಹಾಜರಾಗುವವನು. ಪಾಟ್ನಾಕ್ಕೆ ಹೊರಟಿದ್ದೇನೆ, ಹೋಗುವ ಮೊದಲು ಒಂದು ತಮಾಷೆ ಹೇಳಿ ಹೋಗೋಣವೆಂದು ಬಂದೆ ಎಂದ. ಸಾರನಾಥದ ಒಂದು ವಿಹಾರದಲ್ಲಿ ಬೆಟ್ಟದ ಮೇಲಿನ ಲಾಮಾ ಒಬ್ಬರು ಇಳಿದಿದ್ದಾರೆ, ಅಪ್ಪಟ ಕನ್ನಡ, ಕರ್ನಾಟಕದ ಆಚಾರ್ಯರ ಮನೆ ಈಗ ಯಾವ ಗಲ್ಲಿಯಲ್ಲಿದೆ ಎಂದು ವಿಚಾರಿಸಿದರು ಎಂದ.

ಆಚಾರ್ಯರು ದರ್ಭೆಯನ್ನು ಅಲ್ಲೇ ಇಟ್ಟು ಎದ್ದರು.

ಅವರು ಸಾರನಾಥಕ್ಕೆ ಹೋದದ್ದು ಅಣ್ಣನನ್ನು ಕರೆತರಲು ಅಲ್ಲ, ತಡೆಯಲು. ವಿಹಾರದ ಹಿತ್ತಲಿನಲ್ಲಿ, ಸಾಸಿವೆ ಹೊಲಕ್ಕೆ ಮುಖ ಮಾಡಿ, ಕೆಂಪು ಬಟ್ಟೆಯ ದಪ್ಪ ಮನುಷ್ಯನೊಬ್ಬ ಬಿಸಿಲು ಕಾಯುತ್ತಿದ್ದ. ಎದ್ದು ಬಂದ. ಎಡಗಾಲು ಕುಂಟುತ್ತಿತ್ತು.

"ಸಂಕೂ, ಅಮ್ಮ ಇದಾಳೇನೋ?"

ಇದ್ದಾಳೆ ಎಂದ ಮೇಲೆಯೇ ವಾಸುದೇವ ಕುಳಿತದ್ದು. ಆಚಾರ್ಯರು ಆ ಹೊತ್ತು ಜೀವಮಾನದಲ್ಲೇ ಮೊದಲ ಬಾರಿ ಸೊನ್ನೆ ಸೇರಿಸದೆ ಮಾತಾಡಿದರು. ಸೇತುವೆ, ಡೇರೆ, ಹಾರ, ಜಪಮಾಲೆ, ಮುತ್ತುಗ, ಎಲ್ಲ ಹೇಳಿದರು. ವಾಸುದೇವ ಮೊದಲು ಹೊಟ್ಟೆ ಕುಣಿಯುವಂತೆ ನಕ್ಕ. ತಲೆಗೆ ಇಟ್ಟ ಕಾಯಿ ಒಳ್ಳೆಯದಿತ್ತೋ, ಕೊಳೆತದ್ದೋ ಎಂದು ಕೇಳಿದ. ಹೀಗೆ ಸುಡಿಸಿಕೊಂಡವನು ತಿರುಗಿ ಬಂದರೆ ಜಾತಕರ್ಮದಿಂದ ಹಿಡಿದು ಮತ್ತೆ ಹುಟ್ಟಿಸಬೇಕು, ಹಾಗೆಲ್ಲ ಮನೆಗೆ ನುಗ್ಗುವಂತಿಲ್ಲ ಎಂದು ಆಚಾರ್ಯರು ಶಾಸ್ತ್ರ ತೆಗೆದಾಗ, ಈ ಮೈಗೆ ತೊಟ್ಟಿಲು ಎಲ್ಲಿ ಸಿಗುತ್ತದೋ ಎಂದ. ಆಮೇಲೆ ನಗು ನಿಂತಿತು.

"ಸೇತುವೆ ತನಕ ಬಂದಿದ್ಯಲ್ಲೋ. ಚಹಾದವನ ಹತ್ತಿರ ಒಂದು ಮಾತು ಹೇಳಿ ಕಳಿಸಿದ್ದರೆ ನಾನೇ ಇಳಿದು ಬರ್ತಿದ್ದೆ. ದಿನಾ ಹತ್ತಿ ಇಳಿಯೋ ದಾರಿ ಅದು."



ವಾಸುದೇವ ಬಂದ ಕಾರಣ ಹೇಳಿದ. ವಸಂತದಲ್ಲಿ ಅವನು ಏಕಾಂತಕ್ಕೆ ಕೂರುತ್ತಾನೆ: ಮೂರು ವರ್ಷ, ಮೂರು ತಿಂಗಳು, ಮೂರು ದಿನ. ಕಾಗದವಿಲ್ಲ, ಫೋನಿಲ್ಲ, ಯಾರ ಮುಖವೂ ಇಲ್ಲ. ಅಮ್ಮನಿಗೆ ಎಂಬತ್ತೆರಡು. ಅದಕ್ಕೇ ಬಂದದ್ದು. ಜೊತೆಗೆ ಬಂದ ಲಾಮಾಗಳ ಗುಂಪಿನ ಗಾಡಿ ಗುರುವಾರ ಮಧ್ಯಾಹ್ನ ಹನ್ನೆರಡಕ್ಕೆ ಹೊರಡುತ್ತದೆ.

"ನೀನೇ ಹೇಳು ಅವಳಿಗೆ, ನಿಧಾನವಾಗಿ. ನಾನು ಏಕಾಏಕಿ ಎದುರು ನಿಂತರೆ ಎದೆ ಒಡ್ಕೊಂಡಾಳು. ಬರ್ತೀನಿ ಅಂದ್ರೆ ಕರ್ಕೊಂಡು ಬಾ. ಬರದೇ ಇದ್ರೆ, ಸತ್ತ ಮಗನೇ ಅವಳಿಗೆ ಸುಖ ಅಂತ ತಿಳ್ಕೊಂಡು ಹೋಗ್ತೀನಿ."

ಜೇಬಿನಲ್ಲಿ ಫೋನಿತ್ತು. ಒಂದು ಫೋಟೋ ತೆಗೆದಿದ್ದರೆ ಸಾಕಿತ್ತು. ತಾಯಿ ಫೋನು ಮುಟ್ಟಿ ನೋಡಿಬಿಟ್ಟರೆ ಎಂದು ಹೆದರಿ ಆಚಾರ್ಯರು ಅದನ್ನು ಜೇಬಿನಿಂದ ತೆಗೆಯಲೂ ಇಲ್ಲ.

ಮಂಗಳವಾರ ಹುಬ್ಬಳ್ಳಿಯ ಯಾತ್ರಿಕರಿದ್ದಾರೆಂದು ಹೇಳಲಿಲ್ಲ. ಬುಧವಾರ ತಾಯಿಗೆ ಕೆಮ್ಮು ಎಂದು ಹೇಳಲಿಲ್ಲ. ಅವಳ ಮುಂದೆ ಹೋಗಿ ನಿಂತಾಗಲೆಲ್ಲ, ಮಗ ಬದುಕಿದ್ದಾನೆ ಎನ್ನುವ ಮಾತಿಗಿಂತ, ನಾನು ಹತ್ತಲಿಲ್ಲ ಎನ್ನುವ ಮಾತೇ ಕಷ್ಟವೆನಿಸಿ ಹಿಂತಿರುಗುತ್ತಿದ್ದರು. ಗುರುವಾರ ಬೆಳಿಗ್ಗೆ ಒಂಬತ್ತಕ್ಕೆ, ಕೃಷ್ಣಮ್ಮ ಶ್ರಾದ್ಧಕ್ಕೆಂದು ಎಳ್ಳು ಆರಿಸುತ್ತ ಕುಳಿತಿದ್ದಾಗ, ಎದುರು ಕುಕ್ಕರಿಸಿ ಎಲ್ಲ ಹೇಳಿಬಿಟ್ಟರು. ಒಂದು ಅಕ್ಷರ ಹೆಚ್ಚಿಲ್ಲ, ಕಡಿಮೆಯಿಲ್ಲ.

ಕೃಷ್ಣಮ್ಮನ ಬೆರಳು ಎಳ್ಳಿನಲ್ಲಿ ನಿಂತಿತು. ಆಮೇಲೆ ಬೆರಳು ಮತ್ತೆ ಚಲಿಸಿತು.

"ಬೇಡಪ್ಪ. ಆವತ್ತು ಒಂದು ಸಲ ಕರ್ಕೊಂಡು ಹೋದ್ಯಲ್ಲ, ಸಾಕು."

ಇದು ಹಾಗಲ್ಲ, ಇದು ನಿಜ ಎಂದರು. ಆ ಕಾಗೆಯೂ ನಿಜವೇ ಆಗಿತ್ತಲ್ಲ ಎಂದಳು, ಗೇಲಿಯಿಂದಲ್ಲ, ಮರುಕದಿಂದ. ಹತ್ತಿರ ಬರುವ ಶ್ರಾದ್ಧ ಕಿರಿಮಗನ ತಲೆ ಕೆಡಿಸಿದೆ ಎಂದು ಅವಳಿಗೆ ಖಾತ್ರಿಯಾಗಿತ್ತು. ಜಪಮಾಲೆ ಪೇಟೆಯಲ್ಲಿ ಕೊಂಡದ್ದು ಎಂದಾಗ ಮಾತ್ರ ಮುಖ ಬಿಗಿಯಿತು. ಸೊಂಟದಿಂದ ಮಾಲೆ ತೆಗೆದು ಮೂಗಿಗೆ ಹಿಡಿದಳು. ಐದು ವರ್ಷದಿಂದ ಇದರಲ್ಲಿ ನನ್ನ ಮಗನ ಬೆವರಿನ ವಾಸನೆ ಬರುತ್ತಿದೆ, ಹೆತ್ತವಳಿಗಿಂತ ಹೆಚ್ಚು ನಿನಗೆ ಗೊತ್ತೋ ಎಂದಳು.

ಆಚಾರ್ಯರು ವರುಣನಿಗೆ ಫೋನು ಹಚ್ಚಿ ಅವಳ ಕಿವಿಗೆ ಹಿಡಿದರು. ಅವನು ಪಾಟ್ನಾದಿಂದ ಹೌದಜ್ಜಿ, ಕನ್ನಡ ಮಾತಾಡುವ ಲಾಮಾ ಇದ್ದರು, ಹೆಸರು ಕೇಳಲಿಲ್ಲ, ಕೂತೇ ಇದ್ದರು, ಕಾಲು ನೋಡಲಿಲ್ಲ ಎಂದ. ಕೃಷ್ಣಮ್ಮ ಫೋನು ಹಿಂದಕ್ಕೆ ಕೊಟ್ಟಳು.

"ಬೈಲಕುಪ್ಪೆಯಿಂದ ಬರೋ ಲಾಮಾಗಳೆಲ್ಲ ಕನ್ನಡ ಮಾತಾಡ್ತಾರೆ. ಹೋದ ವರ್ಷ ಇಬ್ಬರು ನಮ್ಮ ಬಾಗಿಲಲ್ಲೇ ನೀರು ಕೇಳಿ ಕುಡಿದು ಹೋದರು."

ಆಚಾರ್ಯರು ಕಾಲು ಹಿಡಿದರು. ಅವಳು ಅವರ ತಲೆ ಸವರಿದಳು. ಅಣ್ಣನಿಗಾಗಿ ಆ ಬಂಡೆ ಹತ್ತಿ ಬಂದವನು ನೀನು, ಯಾವ ತಮ್ಮ ಮಾಡುತ್ತಾನೆ ಇಷ್ಟು, ಎದ್ದು ಸ್ವಲ್ಪ ಕಾಫಿ ಕುಡಿ ಎಂದಳು. ಬಾಗಿಲಲ್ಲಿ ನಿಂತಿದ್ದ ಶ್ರೀರಮಾ ಗಂಡನ ಮುಖ ನೋಡಿದಳು; ಈ ಸಲ ಸುಳ್ಳಲ್ಲ ಎಂದು ಅವಳಿಗೆ ಅರ್ಥವಾಯಿತು. ಹತ್ತೂವರೆ ಆಗಿದೆ, ಅತ್ತೆಯವರನ್ನು ಬಿಟ್ಟು ನೀವು ಹೋಗಿ ಭಾವನವರನ್ನೇ ಕರೆತನ್ನಿ ಎಂದು ಪಿಸುಗುಟ್ಟಿದಳು.

ಅಮಾವಾಸ್ಯೆಯ ಸ್ನಾನಕ್ಕೆ ಜನ ಆಗಲೇ ಬಂದು ತುಂಬಿದ್ದರು. ಗೋದೌಲಿಯಾದಲ್ಲಿ ಒಂದು ಕೋಟಿ ತಲೆ, ಎರಡು ಕೋಟಿ ಗಂಟುಮೂಟೆ. ಪೊಲೀಸರು ಹಗ್ಗ ಕಟ್ಟಿ ಆಟೋಗಳನ್ನು ಹಿಂದಕ್ಕೆ ತಳ್ಳಿದ್ದರು. ಆಚಾರ್ಯರು ಪಂಚೆ ಎತ್ತಿ ಕಟ್ಟಿ ಓಡಿದರು. ಐವತ್ತೆಂಟರ ಮನುಷ್ಯ ಆವತ್ತು ಓಡಿದ್ದನ್ನು ಕಂಡಿದ್ದರೆ ಹಿಮಾಲಯ ನಾಚುತ್ತಿತ್ತು. ಆಟೋ ಸಿಕ್ಕಿದ್ದು ಎರಡು ಮೈಲಿ ಆಚೆ. ಭೈಯಾ, ಜಲ್ದಿ ಎನ್ನುತ್ತಲೇ ಇದ್ದರು. ವಿಹಾರ ಮುಟ್ಟಿದಾಗ ಹನ್ನೆರಡೂಕಾಲು.

ಅಂಗಳದಲ್ಲಿ ಟೈರಿನ ಗುರುತು ಹಸಿಯಾಗಿತ್ತು. ಕಾವಲಿನವನು ಬೀಡಿ ಕೆಳಗಿಟ್ಟು ಹೇಳಿದ, ಆ ಕುಂಟು ಲಾಮಾಜಿ ಬೆಳಿಗ್ಗೆ ಐದರಿಂದ ಗೇಟಿನ ಬಳಿಯೇ ನಿಂತಿದ್ದರು, ಗಾಡಿಯವನು ಮೂರು ಸಲ ಹಾರನ್ ಹೊಡೆದ ಮೇಲೆ ಹತ್ತಿದರು. ಏನಾದರೂ ಹೇಳಿ ಹೋದರೇ ಎಂದು ಆಚಾರ್ಯರು ಕೇಳಿದರು. ಇಲ್ಲ, ಏನೂ ಹೇಳಲಿಲ್ಲ.

ಶನಿವಾರ ಅಮಾವಾಸ್ಯೆ. ಕೃಷ್ಣಮ್ಮ ಮಡಿಯುಟ್ಟು ಕಂಬಕ್ಕೆ ಒರಗಿ ಕುಳಿತಿದ್ದಳು. ಆಚಾರ್ಯರು ಜನಿವಾರವನ್ನು ಬಲ ಹೆಗಲಿಗೆ ತಿರುಗಿಸಿ, ದಕ್ಷಿಣಕ್ಕೆ ಮುಖ ಮಾಡಿ, ಅನ್ನಕ್ಕೆ ಎಳ್ಳು ಬೆರೆಸಿದರು. ಈ ಪಿಂಡ ಇಡುವುದಿಲ್ಲ ಎಂದು ಎರಡು ರಾತ್ರಿ ನಿಶ್ಚಯ ಮಾಡಿದ್ದರು. ಆದರೆ ಇಡದಿದ್ದರೆ, ಮಗ ಹಸಿದಿದ್ದಾನೆಂದು ತಾಯಿ ಮತ್ತೆ ಬಾಗಿಲು ಕಾಯುತ್ತ ಕೂರುತ್ತಾಳೆ. ಗೋತ್ರ ಹೇಳಿದರು. ಅಣ್ಣನ ಹೆಸರು ಹೇಳಿದರು. ಆ ಹೊತ್ತಿಗೆ ಅವನು ಯಾವ ಊರಿನ ರೈಲಿನಲ್ಲಿದ್ದನೋ, ಯಾವ ನಿಲ್ದಾಣದಲ್ಲಿ ಚಹಾ ಕುಡಿಯುತ್ತಿದ್ದನೋ. ಕೈಯಲ್ಲಿ ಅನ್ನ ಉಂಡೆಯಾಯಿತು.

ತಾಯಿ ನೋಡುತ್ತಿದ್ದಳು.

"ಇನ್ನೂ ಸ್ವಲ್ಪ ದೊಡ್ಡದು ಮಾಡೋ ಸಂಕೂ," ಎಂದಳು. "ಅವನಿಗೆ ಮೊದಲಿಂದಲೂ ಹಸಿವು ಜಾಸ್ತಿ."

ಆಚಾರ್ಯರು ಇನ್ನೊಂದು ಹಿಡಿ ಅನ್ನ ಸೇರಿಸಿದರು.