ಬದು ಮತ್ತು ಬಾಣಂತನ

ನಾನು ಮಚ್ಚು ಹಿಡ್ಕೊಂಡು ನನ್ನ ಮೈದುನನ ಮೇಲೆ ಬಿದ್ದೆನಂತೆ. ನಗರಗೆರೆ ಹತ್ರ ಇರೋ ನಮ್ಮ ಹೊಲದ ಬದು ಜಗಳದ ಕೇಸಲ್ಲಿ ಹಾಗಂತ ಬರೆದಿದೆ. ನಾಲ್ಕನೇ ಆರೋಪಿ, ಶ್ಯಾಮಲಮ್ಮ. ಅವತ್ತು ನಾನು ಹೊಲದ ಕಡೆ ತಲೆನೂ ಹಾಕಿರಲಿಲ್ಲ. ರೇಷ್ಮೆ ಹುಳ ನಾಲ್ಕನೇ ಜ್ವರ ಎದ್ದಿದ್ವು, ಪೊರೆ ಬಿಟ್ಟು ಎದ್ದ ಹುಳಕ್ಕೆ ಹಸಿವು ಜಾಸ್ತಿ, ಸೊಪ್ಪು ಹಾಕಿ ಹಾಕಿ ಸೊಂಟ ಬಿದ್ದೋಗಿತ್ತು. ಆದ್ರೆ ನಮ್ಮ ಕಡೆ ಒಂದು ಪದ್ಧತಿ ಇದೆಯಲ್ಲ, ಗಂಡಸರು ಹೊಡೆದಾಡಿದ್ರೆ ಎದುರಾಳಿ ಮನೆ ಹೆಂಗಸರ ಹೆಸರೂ ಸೇರಿಸೋದು, ಮನೆಮಂದಿಯೆಲ್ಲ ಕೋರ್ಟಿಗೆ ಅಲೀಲಿ ಅಂತ. ಮೈದುನ ನರಸಿಂಹಪ್ಪ ನನ್ನ ಹೆಸರು ಬರೆಸ್ದ. ನಮ್ಮ ಯಜಮಾನ್ರು ವೆಂಕಟರಾಮಪ್ಪನೋರು ಬಿಡ್ತಾರಾ? ತಿರುಗಿಸಿ ಕೇಸು ಹಾಕಿ ಅವನ ಹೆಂಡ್ತಿ ವರಲಕ್ಷ್ಮಮ್ಮನ ಹೆಸರು ಬರೆಸಿದ್ರು. ಪಾಪ, ಅವಳು ಅವತ್ತು ಗೌರಿಬಿದನೂರಲ್ಲಿ ಹಲ್ಲು ಕೀಳಿಸ್ಕೊಳ್ತಿದ್ಲು.

ಹಾಳಾಗ್ಲಿ, ವಾಯಿದೆಗೆ ಹೋಗಿ ನಿಂತು ಬರೋದು ತಾನೇ ಅಂದ್ಕೊಂಡಿದ್ದೆ. ಅಷ್ಟರಲ್ಲಿ ಮಸ್ಕತ್ತಲ್ಲಿರೋ ಮಗಳು ಹರಿತಾ ಬಸುರಿ ಆದ್ಲು. ಹಿಂದಿನದು ಏಳು ತಿಂಗಳಿಗೇ ಹೋಗಿತ್ತು. ಈ ಸಲ ವಿಮಾನ ಹತ್ತಲೇಬಾರದು ಅಂದ್ರು ಡಾಕ್ಟ್ರು. ಅಳಿಯ ಲಾರಿ ಓಡಿಸ್ತಾನೆ, ಅವನಿಗೆ ತಾಯಿ ಇಲ್ಲ. ಮಗಳು ತವರಿಗೆ ಬರೋಕಾಗ್ದಿದ್ರೆ ತವರೇ ಹೋಗ್ಬೇಕು ಅಂತ ಪಾಸ್‌ಪೋರ್ಟಿಗೆ ಹಾಕ್ದೆ. ವಿಚಾರಣೆಗೆ ಬಂದ ಪೊಲೀಸಪ್ಪ, "ನಿಮ್ಮ ಮೇಲೆ ಕೇಸಿದೆ ಅಲ್ವೇನಮ್ಮಾ" ಅಂದ. ಅಲ್ಲಿಗೆ ನಿಂತೋಯ್ತು.

ವಕೀಲ ಸುಧೀಂದ್ರ ಒಳ್ಳೇ ಹುಡುಗ. "ಕೋರ್ಟಿನ ಅನುಮತಿಗೆ ಅರ್ಜಿ ಹಾಕಿದೀನಮ್ಮ. ತಕರಾರು, ವಾದ, ಆದೇಶ ಎಲ್ಲಾ ಆಗ್ಬೇಕು. ಹೆರಿಗೆಯೊಳಗೆ ಆಗುತ್ತೆ ಅಂತ ಸುಳ್ಳು ಹೇಳಲ್ಲ. ಎರಡೂ ಮನೆ ರಾಜಿ ಆದ್ರೆ ಬೇಗ ಮುಗಿಯುತ್ತೆ" ಅಂದ.

ವರಲಕ್ಷ್ಮಿ ಹತ್ರ ಹೋದೆ. ಮಾತು ಬಿಟ್ಟು ಎಷ್ಟು ಕಾಲ ಆಗಿತ್ತೋ, ಬಾಗಿಲಲ್ಲೇ ಅತ್ಲು. "ಹರಿತಾಗೆ ಎಳೇದ್ರಲ್ಲಿ ಎಣ್ಣೆ ನೀರು ಹಾಕಿದ್ದು ನಾವಿಬ್ರೇ ಅಲ್ವೇನಕ್ಕಾ. ನಾನು ಹೇಳ್ತೀನಿ ಇವರಿಗೆ" ಅಂದ್ಲು. ಹೇಳಿದ್ಲು. ಅಣ್ಣ ಮೊದಲು ರಾಜಿಗೆ ಬರ್ಲಿ ಅಂದನಂತೆ ನರಸಿಂಹಪ್ಪ.

ನಮ್ಮನೇಲಿ ಇವರ ಕಾಲು ಹಿಡಿದೆ. "ವಾಡೇ ಮುಂದು ರಾನೀ" ಅಂದ್ರು ತೆಲುಗಲ್ಲಿ. ಅವನೇ ಮೊದಲು ಬರ್ಬೇಕಂತೆ. ಮೊದಲು ಹೋದೋರು ಬದು ಬಿಟ್ಟುಕೊಟ್ಟ ಹಾಗಂತೆ. ಮೂರಡಿ ಬದು, ಅದ್ರಲ್ಲಿ ಬೆಳೆದಿರೋದು ಕಾಂಗ್ರೆಸ್ ಗಿಡ. ಮೂವತ್ತು ವರ್ಷ ಬೇಯಿಸಿ ಹಾಕಿದ ಕೈಗೆ ಅವತ್ತು ಒಲೆ ಹಚ್ಚೋಕೆ ಮನಸ್ಸು ಬರಲಿಲ್ಲ.

ಹೆರಿಗೆ ಆಗೇಹೋಯ್ತು. ಗಂಡು ಮಗು, ಹೊಟ್ಟೆ ಕೊಯ್ದು ತೆಗೆದ್ರು. ಬಾಣಂತಿಗೆ ಅಂತ ಮಾಡಿಟ್ಟ ಲೇಹ್ಯ ಅಡುಗೆಮನೆ ನಾಗೊಂದಿ ಹಲಗೆ ಮೇಲೇ ಇತ್ತು.

ಮುಂದಿನ ವಾಯಿದೆಗೆ ಕೋರ್ಟಿನ ಜಗಲಿ ಮೇಲೆ ಕೂತಿದ್ದೆ. ಅಳಿಯ ವಿಡಿಯೋ ಕಾಲ್ ಮಾಡ್ದ. ಇವಳಿಗೆ ಬಗ್ಗೋಕಾಗಲ್ಲ, ನಾನೇ ನೀರು ಹಾಕ್ತೀನಿ, ಹೇಗೆ ಅಂತ ತೋರ್ಸಿ ಅತ್ತೆ ಅಂದ. ಗಂಡಸು, ಚೊಂಬು ಹಿಡ್ಕೊಂಡು ನಿಂತಿದ್ದ. ಎದುರು ಕಡೆ ಕೂತಿದ್ದ ವರಲಕ್ಷ್ಮಿ ಎದ್ದು ಬಂದ್ಲು. ಅವಳ ಬ್ಯಾಗಲ್ಲಿದ್ದ ಟವಲ್ಲು ಸುತ್ತಿ ಮಗು ಥರ ಮಾಡಿ ಕೊಟ್ಟು, ಫೋನು ಹಿಡ್ಕೊಂಡ್ಲು. ನಾನು ಕಾಲು ನೀಡಿ ಅದನ್ನ ಮೇಲೆ ಮಲಗಿಸ್ಕೊಂಡೆ. "ನೀರಿಗೆ ಮೊಣಕೈ ಅದ್ದಿ ನೋಡಪ್ಪ. ಮೊದಲು ಬೆನ್ನಿಗೆ ಹಾಕು. ತಲೆ ಮೇಲೆ ಹಾಕ್ವಾಗ ಹಣೆಗೆ ಕೈ ಅಡ್ಡ ಹಿಡಿ." ಹೊಂಗೆ ಮರದ ಕೆಳಗೆ ಅಣ್ಣತಮ್ಮಂದಿರು ಒಬ್ಬೊಬ್ಬರು ಒಂದೊಂದು ಕಡೆ ತಿರುಗಿ ನಿಂತಿದ್ರು.

ಫೋನಲ್ಲಿ ಮಗು ಕಿಟಾರನೆ ಅತ್ತಿತು. "ಅಮ್ಮಾ, ಯಾವಾಗ ಬರ್ತೀಯ?" ಅಂದ್ಲು ಹರಿತಾ. ಅಷ್ಟರಲ್ಲಿ ಒಳಗಿಂದ ನನ್ನ ಹೆಸರು ಕೂಗಿದ್ರು. ಹೋಗಿ ಕೈ ಕಟ್ಟಿ ನಿಂತೆ. ಇನ್ನೊಂದು ವಾಯಿದೆ ಕೊಟ್ರು.

ವಾಪಸ್ ಬರ್ವಾಗ ಬಸ್ಸಲ್ಲಿ ಇವರು ಮೆಲ್ಲಗೆ ಕೇಳಿದ್ರು, "ಮಗು ಯಾರ ಥರ ಇದೆ?"

"ಹೋಗಿ ನಿಮ್ಮ ಬದುನ ಕೇಳ್ಕೊಳ್ಳಿ" ಅಂದೆ.

ವರಲಕ್ಷ್ಮಿಗೆ ವಾಪಸ್ ಕೊಡೋದು ಮರೆತಿದ್ದೆ, ಆ ಟವಲ್ಲು ಸುತ್ತಿದ ಹಾಗೇ ನನ್ನ ಮಡಿಲಲ್ಲಿತ್ತು.