ತೊಳೆದಿಟ್ಟ ಸೀಸೆ

ಗಾಜಿನ ತಟ್ಟೆ ತೊಳೆಯುವುದೇ ಅವಳ ಕೆಲಸ. ಆಸ್ಪತ್ರೆಯ ಪ್ರಯೋಗಶಾಲೆಯಲ್ಲಿ ಡಾಕ್ಟರು ಆ ತಟ್ಟೆಗಳಲ್ಲಿ ಕೀವಿನ ರೋಗಾಣು ಬೆಳೆಸುತ್ತಿದ್ದರು. ಇಪ್ಪತ್ತು ವರ್ಷದಿಂದ ಅವಳು ಕುದಿಸಿ, ಉಜ್ಜಿ, ಬೋರಲು ಹಾಕುತ್ತಿದ್ದಳು. ಒಮ್ಮೆ ಜ್ವರವೆಂದು ನಾಲ್ಕು ದಿನ ಮಲಗಿ ಬಂದಾಗ, ತೊಟ್ಟಿಯ ಅಂಚಿನಲ್ಲಿ ಉಳಿದ ತಟ್ಟೆಯೊಂದಕ್ಕೆ ಹಸಿರು ಬೂಷ್ಟು ಹಿಡಿದಿತ್ತು. ಅದರ ಸುತ್ತ ಮಾತ್ರ ರೋಗಾಣು ಒಂದೂ ಇರಲಿಲ್ಲ, ಯಾರೋ ಒರೆಸಿಟ್ಟ ಹಾಗೆ. ಬೈಸಿಕೊಂಡರೂ ಸರಿಯೆಂದು ಡಾಕ್ಟರಿಗೆ ತೋರಿಸಿದಳು. ಅವರು ಬೈಯಲಿಲ್ಲ, ತಟ್ಟೆಯ ಮುಂದೆ ಕೂತವರು ಊಟಕ್ಕೂ ಏಳಲಿಲ್ಲ.

ಎರಡು ವರ್ಷ ಆ ಬೂಷ್ಟನ್ನು ಅಗಲ ಪಾತ್ರೆಗಳಲ್ಲಿ ಸಾಕಿದ್ದಾಯಿತು. ಕೊನೆಗೆ ಸಿಕ್ಕಿದ್ದು ಒಂದೆರಡು ಚಮಚ ಪುಡಿ. ಮೊದಲು ಚುಚ್ಚಿದ್ದು ಒಬ್ಬ ಗಾರೆಯವನಿಗೆ. ತಂತಿ ಗೀರಿದ ಗಾಯ ನಂಜಾಗಿ ಮೈಗೆಲ್ಲ ಏರಿತ್ತು. ಮೂರನೇ ದಿನ ಎದ್ದು ಕೂತು ಊಟ ಕೇಳಿದ.

ಆದರೆ ಪುಡಿ ಮುಗಿಯುತ್ತ ಬಂತು. ಚುಚ್ಚಿದ ಮದ್ದು ಬಹುಪಾಲು ಮೂತ್ರದಲ್ಲೇ ಹೋಗುತ್ತದೆ, ಅದನ್ನು ಸೋಸಿ ಮತ್ತೆ ತೆಗೆಯಬಹುದು ಎಂದರು ಡಾಕ್ಟರು. ಗಾರೆಯವನ ಮೂತ್ರದ ಸೀಸೆ ಹೊತ್ತು ತರುವ ಕೆಲಸ ಅವಳ ತಲೆಗೆ ಬಂತು. ವಾರ್ಡಿನವರು ಮುಸಿಮುಸಿ ನಕ್ಕರು. ಅವಳು ತಲೆ ಕೆಡಿಸಿಕೊಳ್ಳಲಿಲ್ಲ. ಮನೆಯಲ್ಲಿ ಮಾತಾಡಿಸುವವರಿಲ್ಲದವಳಿಗೆ ದಿನಕ್ಕೆ ಎರಡು ಸಲ ಹೋಗಿ ನಿಲ್ಲಲು ಒಂದು ಮಂಚ ಸಿಕ್ಕಿತ್ತು.

“ನನ್ನ ನೋಡೋಕೆ ಬರೋದು ನೀವೊಬ್ರೇ ಅಕ್ಕ,” ಅಂದ ಗಾರೆಯವನು. “ಅದೂ ಬರಿಗೈಲಿ ವಾಪಸ್ ಹೋಗಲ್ಲ.”

ಐದನೇ ದಿನ ಬೆಳಿಗ್ಗೆ ಸೀಸೆಯನ್ನು ತಂದು ತೊಟ್ಟಿಯ ಪಕ್ಕ ಇಟ್ಟಳು. ತೊಳೆಯುವುದು ರಾಶಿ ಬಿದ್ದಿತ್ತು. ಒಂದಾದ ಮೇಲೊಂದು ಉಜ್ಜುತ್ತ ಹೋದವಳು, ಕೈಗೆ ಸಿಕ್ಕ ಸೀಸೆಯನ್ನೂ ಚೆಲ್ಲಿ, ಉಜ್ಜಿ, ಬೋರಲು ಹಾಕಿದಳು. ಆಮೇಲೆಯೇ ಅದು ಗಾರೆಯವನ ಸೀಸೆಯೆಂದು ಗೊತ್ತಾಯಿತು.

ತಾನೇ ಹೋಗಿ ಹೇಳಿದಳು. ಡಾಕ್ಟರು ಪಾತ್ರೆಗಳ ತಳ ಕೆರೆದು ಅರ್ಧ ಮದ್ದು ಹೊಂದಿಸಿದರು. ಸಂಜೆಗೆ ಅವನಿಗೆ ಜ್ವರ ಮತ್ತೆ ಏರಿತು. ಅವಳು ಮಂಚದ ಪಕ್ಕ ಕೂತು, ಮುಚ್ಚಿಡದೆ ಅವನಿಗೂ ಹೇಳಿದಳು. ಅವನು ಲೋಟಕ್ಕೆ ಕೈ ಚಾಚಿದ.

“ನೀರು ಕೊಡಿ. ಇನ್ನೊಂದು ಸೀಸೆ ತುಂಬಿಸೋಣ.”

ಲೋಟದ ಮೇಲೆ ಲೋಟ ಕುಡಿದ. ಸೀಸೆ ತುಂಬಿತು ಕೂಡ. ಸೋಸುವುದು ನಡೆದಿರುವಾಗಲೇ ಅವನಿಗೆ ಎಚ್ಚರ ತಪ್ಪಿತು. ಏಳನೇ ದಿನ, ಪುಡಿ ಕೈಗೆ ಬರುವ ಮೊದಲೇ, ಹೋಗಿಬಿಟ್ಟ.

ಆ ಒಂದು ಸೀಸೆ ಇದ್ದಿದ್ದರೆ ಬದುಕುತ್ತಿದ್ದನೇ ಎಂದು ಕೇಳಿದಳು. ಡಾಕ್ಟರು ಕನ್ನಡಕ ತೆಗೆದರು.

“ಗೊತ್ತಿಲ್ಲಮ್ಮ. ಸುಳ್ಳು ಹೇಳೋಕಾಗಲ್ಲ.”

ಅವನ ಕೊನೆಯ ಸೀಸೆಯಿಂದ ಸೋಸಿದ ಪುಡಿಯನ್ನು ಪಕ್ಕದ ವಾರ್ಡಿನಲ್ಲಿ ನಂಜೇರಿ ಮಲಗಿದ್ದ ಹಸುಗೂಸಿಗೆ ಚುಚ್ಚಿದರು. ಅಷ್ಟು ಚಿಕ್ಕ ಮೈಗೆ ಅದೇ ಸಾಕಾಯಿತು. ಮಗುವಿನ ತಾಯಿ ಡಾಕ್ಟರ ಕೈ ಹಿಡಿದು ಅತ್ತಳು. ಗಾರೆಯವನ ಸುದ್ದಿ ಅಲ್ಲಿ ಯಾರೂ ಎತ್ತಲಿಲ್ಲ. ತಾನಾದರೂ ಹೇಳೋಣವೆಂದು ಅವಳು ಬಾಗಿಲವರೆಗೆ ಹೋದಳು. ಮಗು ಹಾಲಿಗಾಗಿ ಕಿರುಚುತ್ತಿತ್ತು, ತಾಯಿ ಸೆರಗು ಸರಿಮಾಡಿಕೊಳ್ಳುತ್ತಿದ್ದಳು. ಏನೆಂದು ಹೇಳುವುದು? ಸದ್ದಾಗದಂತೆ ಬಾಗಿಲು ಮುಂದೆ ಮಾಡಿ ತಿರುಗಿ ಬಂದಳು.